ಜೈಪುರಕ್ಕೆ ಒಂದೇ ಪಾಸ್

ಗೆಳತಿಯರೇ, ದಾವಣಗೆರೆಯ ಟ್ರಾವೆಲ್ಸ್ ಆಫೀಸಿನಲ್ಲಿ ಜಗಳ ಮಾಡಿಕೊಂಡು ಈಗಷ್ಟೇ ಹರಿಹರದ ಮನೆಗೆ ಬಂದು ಕೂತಿದ್ದೇನೆ.

ನಾನೂ ನಮ್ಮ ಯಜಮಾನರೂ ಜೈಪುರ ಪ್ರವಾಸಕ್ಕೆ ಬುಕ್ ಮಾಡಲು ಹೋಗಿದ್ದೆವು. ಆಫೀಸಿನವನು ಮೊಬೈಲ್ ತೋರಿಸಿದ. “ಈ ಪಾಸ್ ತಗೊಳ್ರಿ ಮೇಡಂ, ಸಾಲಿನಾಗೆ ನಿಲ್ಲಂಗಿಲ್ಲ. ಕೋಟೆ, ಅರಮನೆ ಎಲ್ಲಾ ಒಂದೇ ದಿನದಾಗೆ ಮುಗಿಸಿಬಿಡಬೋದು.”

“ಮುಗ್ಸಾಕೆ ಅದೇನು ಮುಸುರೆ ಪಾತ್ರೆನೇನ್ರಿ?” ಎಂದೆ.

ಯಜಮಾನರಿಗೆ ಮುಜುಗರ. “ಸುಮ್ನಿರೇ. ಬಿಸ್ಲಾಗೆ ತಾಸುಗಟ್ಲೆ ನಿಲ್ತೀಯೇನು?”

“ನಿಲ್ತೀನಿ. ಅಷ್ಟೊತ್ತು ಚಾ ತಾ, ಟವೆಲ್ ತಾ ಅಂತ ನನ್ನ ಯಾರೂ ಕರೆಯಲ್ಲ. ಗೋಡೆ, ಕಿಟಕಿ ಎಲ್ಲಾ ಕಣ್ತುಂಬ ನೋಡ್ತೀನಿ. ಪಕ್ಕದಾಗೆ ನಿಂತಾಕಿನ್ನ ಯಾವೂರವ್ವಾ ಅಂತ ಕೇಳ್ತೀನಿ. ನಂಗೆ ಪಾಸ್ ಬ್ಯಾಡ.”

ಆಫೀಸಿನವನು ನಗು ತಡೆದುಕೊಂಡು ಯಜಮಾನರ ಮುಖ ನೋಡಿದ. ಅವರು ಸಿಟ್ಟಿನಲ್ಲಿ ತಮಗೊಬ್ಬರಿಗೇ ಪಾಸ್ ಮಾಡಿಸಿಕೊಂಡರು.

ಮಾಡಿಸಿಕೊಳ್ಳಲಿ. ಬೇಗ ಒಳಗೆ ಹೋಗಿ ಬೇಗ ಹೊರಗೆ ಬರಲಿ. ಮದುವೆಯಾದಾಗಿನಿಂದ ಎಲ್ಲಿಗೆ ಹೊರಟರೂ ಚಪ್ಪಲಿ ಮೆಟ್ಟಿಕೊಂಡು ಬಾಗಿಲಲ್ಲಿ ನಿಂತು “ಇನ್ನೂ ಆಗ್ಲಿಲ್ವೇನೇ?” ಎಂದು ಕೂಗಿದವರು, ಈ ಸಲ ಅರಮನೆಯ ಗೇಟಿನ ಹತ್ತಿರ ನಿಂತು ಕೂಗಲಿ. ಒಳಗಿರುವ ನನಗೆ ಕೇಳಿಸುವುದಿಲ್ಲ.