ಹೆಡ್‌ಮೇಷ್ಟ್ರ ಕೋಟಿನಲ್ಲಿ ಚಿನಕುರುಳಿ

ಎಪ್ಪತ್ತು ದಾಟಿದರೂ ಟೈಲರಮ್ಮ ಸೂಜಿಗೆ ದಾರ ಪೋಣಿಸಲು ಯಾರನ್ನೂ ಕರೆದವಳಲ್ಲ. ನಾಲಿಗೆಯಂತೂ ಕತ್ತರಿಗಿಂತ ಚುರುಕು. ಆದರೆ ತನ್ನ ಬಾಲ್ಯದಲ್ಲಿ ತಮ್ಮ ಜನರನ್ನೆಲ್ಲ ಹುಡುಕಿ ಹುಡುಕಿ ಕೊಂದ ದಿನಗಳ ಮಾತೆತ್ತಿದರೆ ಬಾಯಿಗೆ ಬೀಗ. ಅವರ ಬೀದಿಯಲ್ಲಿ ಉಳಿದವರು ಇಬ್ಬರೇ. ಒಬ್ಬಳು ಈಕೆ, ಇನ್ನೊಬ್ಬ ಎದುರುಮನೆಯ ಹುಡುಗ. ಅವನೀಗ ಕಟಿಂಗ್ ಶಾಪಿನ ಅಜ್ಜ.

ಬದುಕುಳಿದವರ ನೆನಪುಗಳ ಸಾಕ್ಷ್ಯಚಿತ್ರ ಮಾಡುತ್ತೇನೆಂದು ನಿರ್ದೇಶಕಿಯೊಬ್ಬಳು ಬಂದಾಗ ಟೈಲರಮ್ಮ ಒಪ್ಪಿದ್ದು ಒಂದೇ ಆಸೆಗೆ. ಆ ದಿನಗಳಲ್ಲಿ ಕಳೆದುಕೊಂಡ ತಂಗಿಯದೊಂದು ಫೋಟೊ ಕೂಡ ಉಳಿದಿರಲಿಲ್ಲ. ಸತ್ತವರ ಲೆಕ್ಕದಲ್ಲಿ ಸೇರಿಹೋದ ಆ ಹುಡುಗಿಯನ್ನು ಜನ ಒಮ್ಮೆಯಾದರೂ ಕಾಣಬೇಕಿತ್ತು.

ಹೊಲಿಗೆ ಅಂಗಡಿಯಲ್ಲಿ ದೊಡ್ಡ ದೀಪ ಹೊತ್ತಿತು. ಟೈಲರಮ್ಮನ ಸೆರಗಿಗೆ ಮೈಕು ಸಿಕ್ಕಿಸಿದರು.

"ನಿಮ್ಮ ತಂಗಿ ಹೇಗಿದ್ರು, ಅಮ್ಮಾ?"

"ಚಿನಕುರುಳಿ! ಅಪ್ಪ ಹೊಲಿದಿಟ್ಟಿದ್ದ ಹೆಡ್‌ಮೇಷ್ಟ್ರ ಕೋಟು ಹಾಕ್ಕೊಂಡು ಬೀದಿಗೇ ಇಳಿದುಬಿಟ್ಟಿದ್ಲು. ಕಂಡಕಂಡೋರಿಗೆಲ್ಲ ಮಾರ್ಕ್ಸು!"

"ನನಗೆ ಸೊನ್ನೆ," ಪಕ್ಕದಲ್ಲಿದ್ದ ಅಜ್ಜ ಮುಖ ಊದಿಸಿದ. "ಬೀದಿ ನಾಯಿಗೆ ತೊಂಬತ್ತು."

"ನಾಯಿ ಹೋಂವರ್ಕ್ ಮಾಡಿತ್ತು ಕಣೋ!"

ಅಷ್ಟೇ, ಇಬ್ಬರಿಗೂ ನಗು ತಡೆಯಲಾಗಲಿಲ್ಲ. ಟೈಲರಮ್ಮ ಯಾರೋ ಗಿರಾಕಿಯ ಕೋಟು ಎಳೆದು ತೊಟ್ಟು, ತೋಳುಗಳನ್ನು ಜೋತಾಡಿಸುತ್ತ, ತಂಗಿಯ ಹಾಗೆ ಎದೆಯುಬ್ಬಿಸಿ ನಡೆದೇಬಿಟ್ಟಳು. ಮೈಕಿನ ವೈರು ಮಷೀನಿಗೆ ಸುತ್ತಿಕೊಂಡಿತು, ಗುಂಡಿಯ ಡಬ್ಬಿ ಚೆಲ್ಲಾಪಿಲ್ಲಿಯಾಯಿತು. ಕ್ಯಾಮೆರಾದವನಿಗೆ ಸೊನ್ನೆ, ದೀಪದ ಕಂಬಕ್ಕೆ ನೂರಕ್ಕೆ ನೂರು! ಅಜ್ಜ ಹೊಟ್ಟೆ ಹಿಡಿದುಕೊಂಡು ನೆಲದ ಮೇಲೆ ಕೂತ.

ನಿರ್ದೇಶಕಿಯೂ ಬಿದ್ದು ಬಿದ್ದು ನಕ್ಕಳು. ಆಮೇಲೆ ಗಾಬರಿಯಾದಳು. "ಅಮ್ಮಾ, ಇದನ್ನ ತೆಗೆದುಹಾಕ್ಬೇಕಾಗತ್ತೆ. ಇಂಥ ಚಿತ್ರದಲ್ಲಿ ನಗೋದು ನೋಡಿದ್ರೆ ಜನ ತಪ್ಪು ತಿಳ್ಕೋತಾರೆ."

ಟೈಲರಮ್ಮ ಕೋಟು ಬಿಚ್ಚದೆ ಕೂತಳು. "ಅವಳನ್ನ ಕೊಂದಿದ್ದು ಒಂದು ಬೆಳಗ್ಗೆ, ಮಗಳೇ. ಅದನ್ನೂ ಹೇಳ್ತೀನಿ. ಆದ್ರೆ ಅದಕ್ಕೆ ಮುಂಚೆ ಒಂಬತ್ತು ವರ್ಷ ಬದುಕಿದ್ಲಲ್ಲ, ಅದನ್ನ ಕತ್ತರಿಸಬೇಡ."

ಆ ಬೆಳಗನ್ನೂ ಹೇಳಿದಳು, ಅದೇ ಕೋಟಿನಲ್ಲಿ. ನಿರ್ದೇಶಕಿ ಎರಡನ್ನೂ ಉಳಿಸಿಕೊಂಡಳು.

ಚಿತ್ರ ತೋರಿಸಿದ ದಿನ ಸಭಾಂಗಣ ಕಿಕ್ಕಿರಿದಿತ್ತು. ಯಾರೂ ನಗದಿದ್ದರೆ ಎಂಬ ಭಯ ಟೈಲರಮ್ಮನಿಗೆ. ಪರದೆಯ ಮೇಲೆ ಕೋಟು ನಡೆಯಿತು. ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ನಾಯಿಗೆ ತೊಂಬತ್ತು ಬಿದ್ದದ್ದೇ ತಡ, ಸಭೆಗೆ ಸಭೆಯೇ ಗೊಳ್ಳೆಂದಿತು.

ಟೈಲರಮ್ಮ ಅಜ್ಜನ ಕೈ ಹಿಚುಕಿದಳು. "ಕೇಳಿಸ್ತೇನೋ? ಗುರುತು ಪರಿಚಯ ಇಲ್ಲದೋರು ಕಣೋ! ನಮ್ಮ ಹುಡುಗಿ ಇವರನ್ನೂ ನಗಿಸಿಬಿಟ್ಲು!"

ಅಜ್ಜ ತಿರುಗಿ ನಗುವ ಸಾಲುಗಳನ್ನು ನೋಡಿದ. ಆ ಗಳಿಗೆಯವರೆಗೆ ಆ ಹುಡುಗಿಯನ್ನು ಬಲ್ಲವರು ಈ ಲೋಕದಲ್ಲಿ ಇಬ್ಬರೇ ಇದ್ದರು.