ಆಟದ ಹುಡುಗಿಗೆ ಕಚ್ಚೆ ಸೀರೆ

ಮಕ್ಕಳೇ, ನಿಮ್ಮ ದೊಡ್ಡಕ್ಕ ಕಂಪ್ಯೂಟರಿನಲ್ಲಿ ಆಡುವ ಹೊಡೆದಾಟದ ಆಟ ಜಪಾನಿನ ಕಾರ್ಟೂನಿನದು, ಅವಳಿಗಿಂತಲೂ ಹಳೆಯದು. ಮಾಡಿದ ಕಂಪನಿ ಅದನ್ನು ಎಂದೋ ಕೈಬಿಟ್ಟಿದೆ. ಈಗ ಆಟವನ್ನು ಇಷ್ಟಪಡುವವರೇ ತಮ್ಮ ತಮ್ಮ ಮನೆಗಳಲ್ಲಿ ಕುಳಿತು ಹೊಸ ಹೊಸ ಹೊಡೆದಾಟಗಾರರನ್ನು ಮಾಡಿ ಅದಕ್ಕೆ ಸೇರಿಸುತ್ತಾರೆ. ಅದಕ್ಕೆ ಮಾಡ್ ಎನ್ನುತ್ತಾರಂತೆ. ಬೇಸಿಗೆ ರಜೆಯೆಲ್ಲ ಮಲ್ಕಾಜ್‌ಗಿರಿಯ ಈ ಮನೆಯಲ್ಲಿ ಕುಳಿತು ಅವಳೂ ಒಬ್ಬಳನ್ನು ಮಾಡಿ ನೆಟ್‌ಗೆ ಹಾಕಿದಳು. ಇಳಕಲ್ ಸೀರೆ ಉಟ್ಟ ಹುಡುಗಿ.

ಒಂದು ಮಧ್ಯಾಹ್ನ ನೋಡಿದರೆ ಮುಖ ಊದಿಸಿಕೊಂಡು ಕುಳಿತಿದ್ದಾಳೆ.

"ಅಳಿಸಿಬಿಡ್ತೀನಿ ಆಯಿ. ಇಕಿ ಒದ್ದಾಗೊಮ್ಮೆ ಕಾಲು ನಿರಿಗಿ ಹರಕೊಂಡು ಹೊರಗ ಬರ್ತೈತಿ. ನೋಡಿದವ್ರೆಲ್ಲ ನಗಾಕತ್ತಾರ."

ಪಡಸಾಲೆಯಲ್ಲಿ ಊಟ ಮಾಡುತ್ತಿದ್ದ ನನ್ನ ಮಗ, ಅವಳಪ್ಪ, ಅಲ್ಲಿಂದಲೇ ಕೂಗಿದ, "ಪ್ಯಾಂಟ್ ಹಾಕಿಬಿಡು, ಕೆಲಸ ಖತಂ."

"ಪ್ಯಾಂಟಿನವ್ರು ಅದರಾಗ ಮೊದಲ ಭಾಳ ಮಂದಿ ಅದಾರ ಪಪ್ಪಾ!"

ನಾನು ಪರದೆ ನೋಡಿದೆ. ಮದುವೆಮನೆಗೆ ಹೊರಟವಳ ಹಾಗೆ ಮುಂದೆ ನಿರಿಗೆ ಬಿಟ್ಟು ಉಡಿಸಿದ್ದಳು. ಪಾಪ, ಅವಳು ಕಂಡದ್ದು ಅಷ್ಟೇ. ನಮ್ಮ ಊರು ಬಿಟ್ಟು ಈ ಮಲ್ಕಾಜ್‌ಗಿರಿಗೆ ಬಂದ ಮೇಲೆ ನಾನೂ ಕಚ್ಚೆ ಹಾಕಿದ್ದಿಲ್ಲ.

"ಕಚ್ಚಿ ಹಾಕವ್ವಾ ಆಕೀಗೆ. ನಮ್ಮವ್ವ ಹಂಗ ಉಟ್ಟು ಹುಣಸೀ ಗಿಡ ಏರ್ತಿದ್ಲು."

"ಹೆಂಗ ಹಾಕೋದು? ಉಟ್ಟು ತೋರಸು, ವಿಡಿಯೋ ತಗೋತೀನಿ."

ಫೋಟೋ ಎಂದರೆ ಎಲ್ಲರ ಹಿಂದೆ ಸರಿದು ನಿಲ್ಲುವವಳು ನಾನು, ನಿಮಗೆ ಗೊತ್ತಲ್ಲ. ಆದರೆ ಅವಳು ಅಳಿಸುವುದಕ್ಕೆ ಸಿದ್ಧಳಾಗಿಯೇ ಕುಳಿತಿದ್ದಳು. ವಿಡಿಯೋದಲ್ಲಿ ನನ್ನ ಮುಖ ಬರಬಾರದೆಂದು ಆಣೆ ಮಾಡಿಸಿ ಟ್ರಂಕಿನಿಂದ ಅವ್ವನ ಉದ್ದನೆಯ ಸೀರೆ ತೆಗೆದು ಉಟ್ಟೆ. ನಿರಿಗೆಯನ್ನು ಕಾಲ ನಡುವಿನಿಂದ ಹಿಂದಕ್ಕೆ ಎಳೆದು ಬೆನ್ನ ಕೆಳಗೆ ಸಿಕ್ಕಿಸಿದೆ. ಸೆರಗು ಸೊಂಟಕ್ಕೆ ಬಿಗಿದೆ.

"ಈಗ ಒದಿ!"

"ಯಾರಿಗೆ ಒದೀಲವ್ವಾ?"

"ದಿಂಬಿಗೆ. ಪಪ್ಪಾ ಅಂತ ತಿಳಕೊ."

ಕಪಾಟು ಹಿಡಿದುಕೊಂಡು ಒದ್ದೆ. ದಿಂಬು ಹಾರಿ ಪಡಸಾಲೆಯಲ್ಲಿ, ಅವಳಪ್ಪನ ತಟ್ಟೆಯ ಪಕ್ಕದಲ್ಲೇ ಬಿತ್ತು.

"ಯವ್ವಾ, ನೀನೂ ಶುರು ಮಾಡಿದೇನು?"

ನಾಲ್ಕು ಕಡೆಯಿಂದ ಒದೆಸಿ ವಿಡಿಯೋ ಮಾಡಿಕೊಂಡಳು. ಆಮೇಲೆ ಎಷ್ಟೋ ದಿನ ಕುಳಿತು ಸೀರೆಯನ್ನು ಮತ್ತೆ ಮೊದಲಿನಿಂದ ಮಾಡಿದಳು. ಆಟದ ಹುಡುಗಿ ಈಗ ತಲೆಯೆತ್ತರ ಒದ್ದರೂ ನಿರಿಗೆ ಮಿಸುಕಲಿಲ್ಲ. ಎಲ್ಲರಿಗೂ ಸಿಗುವ ಹಾಗೆ ಅದನ್ನು ಮತ್ತೆ ನೆಟ್‌ಗೆ ಹಾಕಿದಳು. ಮೊದಲು ನಕ್ಕವರಲ್ಲೇ ಒಬ್ಬ, ಯಾವುದೋ ದೂರದ ದೇಶದವನು, ತಾನು ಮಾಡುತ್ತಿರುವ ಹೊಡೆದಾಟದ ಹುಡುಗಿಗೂ ಇದೇ ಸೀರೆ ಉಡಿಸಬಹುದೇ ಎಂದು ಬರೆದು ಕೇಳಿದ.

"ಏನ್ ಹೇಳ್ಲಿ ಆಯಿ?"

"ಹೂಂ ಅನ್ನು. ಹಿಂದ ಬಿಗಿಯಾಗಿ ಸಿಗಸಂತನೂ ಹೇಳು, ಇಲ್ಲಾಂದ್ರ ಬಿಚ್ಚತೈತಿ."

ಅವಳು ನಗುತ್ತ ಅದನ್ನು ಇಂಗ್ಲಿಷಿನಲ್ಲಿ ಬರೆದು ಕಳುಹಿಸಿದಳು.