ಟಿಂಪ್ಯಾನಿಕ್ ಎಂಬ ಪದ ಮತ್ತು ನನ್ನ ಬಲಗಿವಿ

ಕೊಪ್ಪದ ಕಿವಿ ಡಾಕ್ಟರು ಚೀಟಿಯಲ್ಲಿ ಬರೆದ ಮೊದಲ ಪದ ‘ಟಿಂಪ್ಯಾನಿಕ್’. ಬಲಗಿವಿಯ ಪೊರೆ ಹರಿದಿದೆ ಎಂದು ಬಾಯಲ್ಲಿ ಹೇಳಿದರು. ತುರಿಕೆ ತಾಳದೆ ಬೆಂಕಿಕಡ್ಡಿ ಹಾಕಿದವನು ನಾನೇ. ನೋವು ಬಂದಾಗ ಬೆಳ್ಳುಳ್ಳಿ ಕಾಯಿಸಿದ ಕೊಬ್ಬರಿ ಎಣ್ಣೆ ಬಿಟ್ಟುಕೊಂಡವನೂ ನಾನೇ. ತಾಳಮದ್ದಳೆಗೆ ಮದ್ದಳೆ ಬಾರಿಸುವವನು ನಾನು. ಅದರ ಮುಚ್ಚಿಗೆಯ ಚರ್ಮಕ್ಕೆ ಯಾರಾದರೂ ಒದ್ದೆ ಕೈ ತಾಗಿಸಿದರೆ ಮೈಮೇಲೆ ಬಂದವನಂತೆ ಕೂಗಾಡುತ್ತೇನೆ. ಅಂಥವನು ಸ್ವಂತ ಕಿವಿಯ ಚರ್ಮಕ್ಕೆ ಮೂರು ದಿನ ಎಣ್ಣೆ ಹೊಯ್ದೆ. ಥೂ, ನನ್ನ ಬುದ್ಧಿಗಿಷ್ಟು ಬೆಂಕಿ ಹಾಕ!

“ಕಿವಿ ಒಣಗಿರ್ಲಿ, ಪೊರೆ ತಾನೇ ಕೂಡ್ಕೋಬಹುದು. ಎರಡು ತಿಂಗಳು ಬಾರ್ಸೋದು ಬೇಡ,” ಎಂದರು ಡಾಕ್ಟರು. ಶನಿವಾರ ಸಂಜೆ ಮೆಣಸೆಯಲ್ಲಿ ನಮ್ಮ ಕೂಟವಿತ್ತು.

ಶೃಂಗೇರಿ ಬಸ್ಸಿನಲ್ಲಿ ಕೂತಲ್ಲಿ ಕೂರಲಾಗಲಿಲ್ಲ. ಮೊಬೈಲಿನಲ್ಲಿ ಆ ಪದವನ್ನೇ ಕೆದಕಿದೆ. ವಿಶೇಷಣವಂತೆ, ಕಿವಿಯ ತಮಟೆಗೆ ಸಂಬಂಧಿಸಿದ್ದು ಎಂದರ್ಥ. ಗ್ರೀಕರು ಚರ್ಮವಾದ್ಯಕ್ಕೆ ‘ಟಿಂಪನಾನ್’ ಎನ್ನುತ್ತಿದ್ದರಂತೆ, ಬಡಿ ಎಂಬ ಧಾತುವಿನಿಂದ. ಅದು ಲ್ಯಾಟಿನಿಗೆ ಹೋಗಿ, ವೈದ್ಯರ ಕೈಗೆ ಸಿಕ್ಕು, ಕಿವಿಯೊಳಗೆ ಸೇರಿಕೊಂಡಿತು. ಇಷ್ಟು ತಿಳಿದು ನನಗಾದ ಉಪಕಾರವೇನು? ಮದ್ದಳೆಯ ಚರ್ಮ ಹರಿದರೆ ಬೇರೆ ಹಾಕಿಸಬಹುದು. ಶ್ರುತಿಯೇ ಕೇಳದ ನಾನು ಯಾವ ಸೀಮೆಯ ಮದ್ದಳೆಗಾರ? ಹೆದರಿಕೆಯಾಯಿತು, ಸುಳ್ಳೇಕೆ ಹೇಳಲಿ.

ಆದರೂ ಶನಿವಾರ ಹೋಗಿಯೇ ಹೋದೆ. ಕಿವಿಯಲ್ಲಿ ಹತ್ತಿ, ಯಾರಿಗೂ ಸುದ್ದಿಯಿಲ್ಲ. ಇಪ್ಪತ್ತು ವರ್ಷದಿಂದ ಜೊತೆಗೆ ಹಾಡುವ ಭಾಗವತ ನನ್ನ ಪಕ್ಕಕ್ಕೆ ಕೂತ. ಶ್ರುತಿ ಕೂದಲೆಳೆಯಷ್ಟು ತಪ್ಪಿದರೂ ಹಾಡುತ್ತಿರುವ ಪದವನ್ನೇ ನಿಲ್ಲಿಸಿ ಮರ್ಯಾದೆ ಕಳೆಯುವ ಆಸಾಮಿ ಅವನು. ಶ್ರುತಿ ಕೂಡಿಸಲು ಸುತ್ತಿಗೆಯಿಂದ ಮದ್ದಳೆಯ ಅಂಚಿಗೆ ತಟ್ಟಿದೆ, ಎಡಗಿವಿ ಕೊಟ್ಟು ಕೇಳಿದೆ, ಮತ್ತೆ ತಟ್ಟಿದೆ. ಬಲಗಿವಿಯ ಗುಂಯ್‌ಗುಟ್ಟುವಿಕೆ ಎಲ್ಲವನ್ನೂ ನುಂಗುತ್ತಿತ್ತು.

“ಕೂಡ್ತಾ?” ಅಂದೆ. ಅವನನ್ನು ಹಾಗೆ ಕೇಳಿದ್ದು ಅದೇ ಮೊದಲು.

“ಕಿವಿಗೆ ಎಂತ ಆಯ್ತು?”

“ಎಂತದೂ ಇಲ್ಲ ಮಾರಾಯ, ಶೀತ.”

ಅವನು ಹತ್ತಿಯನ್ನೊಮ್ಮೆ ನೋಡಿದ. “ಕೂಡ್ತು. ಬಾರ್ಸು.”

ಪದ ಶುರುವಾಯಿತು. ನನ್ನ ಬೆರಳುಗಳಿಗೆ ದಾರಿ ಗೊತ್ತಿತ್ತು. ಸ್ವಲ್ಪ ಉಸಿರು ಬಿಟ್ಟೆ. ಎರಡನೆಯ ಸಾಲಿಗೆ ಬರುವಾಗ ಅವನ ಎಡಗೈ ಕಣ್ಣಿಗೆ ಬಿತ್ತು. ಹಾಡುತ್ತಲೇ, ಯಾರಿಗೂ ಕಾಣದಂತೆ, ಶ್ರುತಿಪೆಟ್ಟಿಗೆಯ ಗುಂಡಿ ತಿರುಗಿಸುತ್ತಿದ್ದ. ನನ್ನ ಮದ್ದಳೆ ಇಳಿದಲ್ಲಿಗೆ ತನ್ನ ಶ್ರುತಿಯನ್ನೇ ಇಳಿಸುತ್ತಿದ್ದ. ಅಷ್ಟು ತಗ್ಗಿಗೆ ಇಳಿಯಲು ಗಲ್ಲವನ್ನು ಎದೆಗೆ ಒತ್ತಿಕೊಂಡು ಹಾಡುತ್ತಿದ್ದ.

ನನ್ನ ಕೈ ನಿಂತಿತು. ಮದ್ದಳೆಯನ್ನು ತೊಡೆಯಿಂದ ಇಳಿಸಿ, ಕೂತಿದ್ದವರೆಲ್ಲರ ಎದುರೇ ಹೇಳಿಬಿಟ್ಟೆ: “ನಂಗೆ ಕೇಳ್ತಾ ಇಲ್ಲ ಮಾರಾಯ.”